ಕರಿಯ ಮಹಿಳೆಯರ ಬರಹವೂ ನಮ್ಮ ಕಾಫಿ ಬೆಟ್ಟದ ಹೆಣ್ಣುಮಕ್ಕಳೂ

(ಅಂತಿಮ ಬಿ.ಎ. ತರಗತಿಯ ವಿದ್ಯಾರ್ಥಿನಿ)

ಪೀಠಿಕೆ

ಕಾಫಿ ಗಿಡದ ತವರು ಆಫ್ರಿಕ ಖಂಡದ ಇಥಿಯೋಪಿಯ ದೇಶ. ಅಲ್ಲಿಂದ ಅದು ಕೆಂಪು ಸಮುದ್ರವನ್ನು ದಾಟಿ ಯೆಮನ್ ದೇಶಕ್ಕೆ ಬಂದಿತು. ಯೆಮನ್ನಿನಿಂದ ಬಾಬಾ ಬುಡನ್ ಎಂಬ ಸೂಫಿ ಸಂತರು ಹದಿನೇಳನೆಯ ಶತಮಾನದಲ್ಲಿ ಏಳು ಬೀಜಗಳನ್ನು ತಂದು ಚಂದ್ರದ್ರೋಣ ಪರ್ವತದಲ್ಲಿ ಬಿತ್ತಿದರೆಂದು ಐತಿಹ್ಯವಿದೆ. ಇದು ನಮ್ಮ ಜಿಲ್ಲೆಯ ಮಕ್ಕಳೆಲ್ಲರೂ ಪ್ರಾಥಮಿಕ ಶಾಲೆಯಲ್ಲಿಯೇ ಕಲಿಯುವ ಪಾಠ. ಆದರೆ ಅದೇ ಗಿಡ ಪಶ್ಚಿಮ ದಿಕ್ಕಿಗೆ ಹೋದ ಕತೆಯನ್ನು ನಾವು ಅಷ್ಟಾಗಿ ಕೇಳಿಲ್ಲ. ಕೆರಿಬಿಯನ್ ಸಮುದ್ರದ ದ್ವೀಪಗಳಲ್ಲಿಯೂ ಬ್ರೆಜಿಲ್ ದೇಶದಲ್ಲಿಯೂ ಕಾಫಿ ತೋಟಗಳನ್ನು ಎಬ್ಬಿಸಿದವರು ಆಫ್ರಿಕದಿಂದ ಸರಪಣಿ ತೊಡಿಸಿ ತಂದ ಗುಲಾಮರು. ಗಿಡದ ತವರೂ ಆಫ್ರಿಕವೇ. ಆ ಗಿಡಕ್ಕಾಗಿ ಬೆವರು ಸುರಿಸಿದವರ ತವರೂ ಆಫ್ರಿಕವೇ. ಬ್ರೆಜಿಲಿನಲ್ಲಿ ಗುಲಾಮಗಿರಿ ಕಾನೂನಿನಿಂದ ರದ್ದಾದದ್ದು 1888ರಲ್ಲಿ.

ಹಾಗೆ ದುಡಿದ ಜನಾಂಗದ ಹೆಂಗಸರು ಮುಂದೆ ಲೇಖನಿ ಹಿಡಿದರು. ತಮ್ಮ ಬಾಳನ್ನು ತಾವೇ ಬರೆದರು. ಬರೆಯಲು ಬಾರದವರು ಹೇಳಿ ಬರೆಯಿಸಿದರು. ಅವರ ಮೊಮ್ಮಕ್ಕಳು ವಿಶ್ವವಿದ್ಯಾನಿಲಯಗಳನ್ನು ಸೇರಿ, ಆ ಬರಹಗಳನ್ನು ಹುಡುಕಿ ತೆಗೆದು, ಅವನ್ನು ಓದುವ ಕ್ರಮವನ್ನೂ ಕಟ್ಟಿದರು. ಹೀಗೆ ಬರಹ, ಆತ್ಮಕಥನ, ವಿದ್ವತ್ತು ಎಂಬ ಮೂರು ಎಳೆಗಳು ಸೇರಿ ಒಂದು ಹಗ್ಗವಾಗಿದೆ. ಆ ಹಗ್ಗದಿಂದ ನಮಗೆ ಏನು ಪ್ರಯೋಜನ, ಮೂಡಿಗೆರೆ ಕಳಸಗಳ ಮಲೆಗಳಲ್ಲಿ ಹಣ್ಣು ಕೊಯ್ಯುವ ಹೆಂಗಸರ ಬಾಳನ್ನು ಓದಲು ಅದು ನೆರವಾದೀತೆ, ಎಂಬುದನ್ನು ವಿಚಾರಿಸುವುದೇ ಈ ಲೇಖನದ ಉದ್ದೇಶ.

ಈ ವಿಷಯವನ್ನು ಆರಿಸಿಕೊಂಡುದಕ್ಕೆ ಕಾರಣವನ್ನು ಮೊದಲೇ ಹೇಳಿಬಿಡುತ್ತೇನೆ. ನಾನು ತೋಟದ ಲೈನುಮನೆಯಲ್ಲಿ ಹುಟ್ಟಿ ಬೆಳೆದವಳು. ನನ್ನ ತಾಯಿ ಈಗಲೂ ಹಣ್ಣು ಕೊಯ್ಯುತ್ತಾರೆ. ಅಜ್ಜಿ ಕೈಲಾಗುವವರೆಗೂ ಕೊಯ್ದರು. ಕಳೆದ ವರ್ಷ ನಮ್ಮ ಅಧ್ಯಾಪಕರೊಬ್ಬರು ಎಂ. ಆರ್. ಕಮಲ ಅವರು ಆಫ್ರಿಕನ್ ಅಮೆರಿಕನ್ ಕವಿತೆಗಳನ್ನು ಕನ್ನಡಿಸಿರುವ 'ಕತ್ತಲ ಹೂವಿನ ಹಾಡು' ಎಂಬ ಪುಸ್ತಕವನ್ನು ನನ್ನ ಕೈಗಿತ್ತು ಓದಲು ಹೇಳಿದರು. ಓದಿ ಮುಗಿಸಿದಾಗ, ಇಷ್ಟು ದೂರದವರ ಮಾತು ನಮ್ಮ ಮನೆಯ ಜಗುಲಿಯಲ್ಲಿ ಕೇಳಿದಂತಾಯಿತಲ್ಲಾ ಎಂದು ಬೆರಗಾದೆ. ಆ ಬೆರಗನ್ನು ಸಹಪಾಠಿಗಳೊಡನೆ ಹಂಚಿಕೊಳ್ಳಬೇಕೆನಿಸಿತು.

ತಮ್ಮ ಕತೆ, ಪರರ ಲೇಖನಿ

ಅಮೆರಿಕದ ಕರಿಯ ಮಹಿಳೆಯರ ಬರಹದ ಚರಿತ್ರೆಯಲ್ಲಿ ಮೊದಲು ಹೇಳಬೇಕಾದ ಹೆಸರು ಫಿಲಿಸ್ ವೀಟ್ಲಿ. ಬಾಲ್ಯದಲ್ಲಿಯೇ ಆಫ್ರಿಕದಿಂದ ಹಿಡಿದು ತಂದು ಬಾಸ್ಟನ್ ನಗರದಲ್ಲಿ ಮಾರಲ್ಪಟ್ಟ ಈಕೆಯ ಕವನ ಸಂಗ್ರಹ 1773ರಲ್ಲಿ ಲಂಡನ್ನಿನಲ್ಲಿ ಅಚ್ಚಾಯಿತು. ಗುಲಾಮ ಹುಡುಗಿಯೊಬ್ಬಳು ಇಂಥ ಪದ್ಯಗಳನ್ನು ಬರೆದಾಳೆಂದು ಯಾರೂ ನಂಬದೇ ಹೋದಾರೆಂಬ ಭಯದಿಂದ, ಊರಿನ ಹದಿನೆಂಟು ಮಂದಿ ಗಣ್ಯರ ರುಜುವುಳ್ಳ ಪ್ರಮಾಣಪತ್ರವೊಂದನ್ನು ಆ ಪುಸ್ತಕದ ಜೊತೆಗೆ ಮುದ್ರಿಸಬೇಕಾಯಿತು. ಕವಿತೆ ತನ್ನದೆನ್ನುವುದಕ್ಕೂ ಪರರ ಸಾಕ್ಷ್ಯ ಬೇಕಾಯಿತು!

1831ರಲ್ಲಿ ಮೇರಿ ಪ್ರಿನ್ಸ್ ಎಂಬಾಕೆ, ಕೆರಿಬಿಯನ್ ದ್ವೀಪಗಳಲ್ಲಿ ತಾನು ಅನುಭವಿಸಿದ ಬವಣೆಯನ್ನು ಲಂಡನ್ನಿನಲ್ಲಿ ಹೇಳಿ ಬರೆಯಿಸಿದಳು. ಬರೆದುಕೊಂಡವರು ಒಬ್ಬ ಬಿಳಿಯ ಮಹಿಳೆ. ತಿದ್ದಿ ಪ್ರಕಟಿಸಿದವರು ಒಬ್ಬ ಬಿಳಿಯ ಮಹನೀಯರು. ಬಾಯಿ ಒಬ್ಬಳದು, ಕೈ ಇನ್ನೊಬ್ಬರದು. ಈ ಸಮಸ್ಯೆ ಎಷ್ಟು ದೊಡ್ಡದೆಂಬುದು ಸೋಜರ್ನರ್ ಟ್ರೂತ್ ಅವರ ಪ್ರಸಂಗದಿಂದ ತಿಳಿಯುತ್ತದೆ. ನ್ಯೂಯಾರ್ಕ್ ಪ್ರಾಂತದಲ್ಲಿ ಇಸಬೆಲ್ಲಾ ಎಂಬ ಹೆಸರಿನಿಂದ ಗುಲಾಮಳಾಗಿ ಹುಟ್ಟಿ, 1843ರಲ್ಲಿ ತನಗೆ ತಾನೇ ಹೊಸ ಹೆಸರಿಟ್ಟುಕೊಂಡ ಧೀರೆ ಈಕೆ. 1851ರಲ್ಲಿ ಒಹಾಯೋ ಪ್ರಾಂತದ ಆಕ್ರನ್ ಊರಿನ ಮಹಿಳಾ ಸಮ್ಮೇಳನದಲ್ಲಿ ಈಕೆ ಮಾಡಿದ ಭಾಷಣ ಜಗತ್ಪ್ರಸಿದ್ಧವಾಗಿದೆ. ಆದರೆ ಆ ಭಾಷಣದ ಅತ್ಯಂತ ಪ್ರಸಿದ್ಧವಾದ ಪಲ್ಲವಿ 1851ರಲ್ಲಿಯೇ ಅಚ್ಚಾದ ವರದಿಯಲ್ಲಿ ಇಲ್ಲ. ಹನ್ನೆರಡು ವರ್ಷಗಳ ತರುವಾಯ, 1863ರಲ್ಲಿ, ಆ ಸಭೆಯ ಅಧ್ಯಕ್ಷೆಯಾಗಿದ್ದ ಬಿಳಿಯ ಮಹಿಳೆಯೊಬ್ಬರು ನೆನಪಿನಿಂದ ಬರೆದ ಪಾಠದಲ್ಲಿ ಅದು ಕಾಣಿಸಿಕೊಂಡಿತು. ಆ ಪಾಠದಲ್ಲಿ ಟ್ರೂತ್ ದಕ್ಷಿಣ ಪ್ರಾಂತಗಳ ಗುಲಾಮರ ಆಡುನುಡಿಯಲ್ಲಿ ಮಾತನಾಡುತ್ತಾಳೆ. ವಾಸ್ತವವಾಗಿ ಆಕೆ ದಕ್ಷಿಣದವಳೇ ಅಲ್ಲ. ಬಾಲ್ಯದಲ್ಲಿ ಆಕೆ ಆಡುತ್ತಿದ್ದುದು ಡಚ್ ಭಾಷೆ. ಸದುದ್ದೇಶದಿಂದ ಬರೆದುಕೊಂಡವರೂ ಹೇಳಿದವಳ ನಾಲಗೆಯನ್ನು ಹೇಗೆ ಬದಲಾಯಿಸಿಬಿಡಬಲ್ಲರು ಎಂಬುದಕ್ಕೆ ಇದಕ್ಕಿಂತ ಬೇರೆ ನಿದರ್ಶನ ಬೇಕಿಲ್ಲ.

ತಾನೇ ಬರೆದರೂ ಕಷ್ಟ ತಪ್ಪಲಿಲ್ಲ. ಹ್ಯಾರಿಯೆಟ್ ಜೇಕಬ್ಸ್ ಎಂಬಾಕೆ ಯಜಮಾನನ ಕಾಟದಿಂದ ಪಾರಾಗಲು, ಸುಮಾರು ಒಂಬತ್ತು ಅಡಿ ಉದ್ದ, ಏಳು ಅಡಿ ಅಗಲ, ಅತಿ ಎತ್ತರವಾದಲ್ಲಿಯೂ ಮೂರೇ ಅಡಿ ಇದ್ದ ಅಟ್ಟದ ಮೇಲೆ ಹತ್ತಿರ ಹತ್ತಿರ ಏಳು ವರ್ಷ ಅಡಗಿ ಕುಳಿತಿದ್ದಳು. ಅದು ಅವಳ ಅಜ್ಜಿಯ ಮನೆಯ ಅಟ್ಟ. 1842ರಲ್ಲಿ ಉತ್ತರಕ್ಕೆ ತಪ್ಪಿಸಿಕೊಂಡು ಹೋಗಿ, 1861ರಲ್ಲಿ 'ಲಿಂಡಾ ಬ್ರೆಂಟ್' ಎಂಬ ಕಲ್ಪಿತ ನಾಮದಿಂದ ತನ್ನ ಆತ್ಮಕಥೆಯನ್ನು ಪ್ರಕಟಿಸಿದಳು. ಅದನ್ನು ಸಂಪಾದಕಿಯಾಗಿದ್ದ ಬಿಳಿಯ ಲೇಖಕಿಯೇ ಹೆಣೆದ ಕಾದಂಬರಿಯೆಂದು ವಿದ್ವಾಂಸರು ಬಹುಕಾಲ ಭಾವಿಸಿದ್ದರು. ಜೀನ್ ಫ್ಯಾಗನ್ ಯೆಲಿನ್ ಎಂಬ ವಿದುಷಿ ಹಳೆಯ ಪತ್ರಗಳನ್ನು ಶೋಧಿಸಿ, ಅದು ಜೇಕಬ್ಸಳದೇ ಬರಹ, ಅಲ್ಲಿನ ವ್ಯಕ್ತಿಗಳೂ ಘಟನೆಗಳೂ ನಿಜ ಎಂದು ಸ್ಥಾಪಿಸಿದರು. 1987ರ ಅವರ ಆವೃತ್ತಿಯಿಂದ ಸಂಶಯ ನೀಗಿತು. ಅಂದರೆ ಒಬ್ಬ ಹೆಂಗಸಿಗೆ ಅವಳ ಪುಸ್ತಕವನ್ನು ಮರಳಿಸಲು 126 ವರ್ಷ ಹಿಡಿಯಿತು.

ಹುಡುಕುವುದೂ ವಿದ್ವತ್ತು

ಇಪ್ಪತ್ತನೆಯ ಶತಮಾನದಲ್ಲಿ ಜೋರಾ ನೀಲ್ ಹರ್ಸ್ಟನ್ ಹೆಸರು ಮುಖ್ಯವಾದುದು. ಕಾಲೇಜಿನಲ್ಲಿ ಮಾನವಶಾಸ್ತ್ರವನ್ನು ಕಲಿತು, ತನ್ನ ಜನರ ಕತೆ, ಗಾದೆ, ಹಾಡುಗಳನ್ನು ಊರೂರು ಅಲೆದು ಸಂಗ್ರಹಿಸಿದಾಕೆ. 1937ರಲ್ಲಿ ಪ್ರಕಟವಾದ ಆಕೆಯ ಕಾದಂಬರಿ ಇಂದು ಶ್ರೇಷ್ಠ ಕೃತಿಯೆನಿಸಿದೆ. ಆದರೆ 1960ರಲ್ಲಿ ಬಡತನದಲ್ಲಿ ತೀರಿಕೊಂಡಾಗ ಆಕೆಯ ಸಮಾಧಿಗೆ ಒಂದು ಗುರುತಿನ ಕಲ್ಲೂ ಇರಲಿಲ್ಲ. 1973ರಲ್ಲಿ ಆಗಿನ್ನೂ ತರುಣ ಲೇಖಕಿಯಾಗಿದ್ದ ಆಲಿಸ್ ವಾಕರ್ ಫ್ಲಾರಿಡ ಪ್ರಾಂತಕ್ಕೆ ಹೋಗಿ, ಹುಲ್ಲು ಬೆಳೆದ ಮಸಣದಲ್ಲಿ ಹುಡುಕಾಡಿ, ಹರ್ಸ್ಟನ್ನಳದೆಂದು ತೋರಿದ ಜಾಗದಲ್ಲಿ ಕಲ್ಲು ನೆಡಿಸಿದರು. ವಾಕರ್ ಅವರ 'ದಿ ಕಲರ್ ಪರ್ಪಲ್' ಕಾದಂಬರಿಗೆ 1983ರಲ್ಲಿ ಪುಲಿಟ್ಜರ್ ಪ್ರಶಸ್ತಿ ಬಂದಿತು. 1993ರಲ್ಲಿ ಟೋನಿ ಮಾರಿಸನ್ ಅವರು ನೊಬೆಲ್ ಪಾರಿತೋಷಕವನ್ನು ಪಡೆದ ಪ್ರಥಮ ಕರಿಯ ಮಹಿಳೆಯಾದರು. ಈ ಕೀರ್ತಿಶಿಖರಗಳ ಬುಡದಲ್ಲಿ ಹುಲ್ಲಿನ ನಡುವೆ ಹುಡುಕುತ್ತ ನಿಂತ ಆ ತರುಣಿಯ ಚಿತ್ರವನ್ನು ನಾವು ಮರೆಯಬಾರದು. ಗ್ರಂಥಗಳಿಂದ ಗ್ರಂಥ ಬರೆಯುವುದು ಮಾತ್ರವೇ ವಿದ್ವತ್ತಲ್ಲ; ಕಳೆದುಹೋದವರನ್ನು ಹುಡುಕುವುದೂ ವಿದ್ವತ್ತೇ.

ಇನ್ನೊಂದು ನಿದರ್ಶನ ಕಾಫಿಯ ನಾಡಾದ ಬ್ರೆಜಿಲಿನದು. ಕ್ಯಾರೊಲಿನಾ ಮರಿಯಾ ಡಿ ಜೆಸೂಸ್ ಎಂಬ ಕರಿಯ ಮಹಿಳೆ ಶಾಲೆಗೆ ಹೋದದ್ದು ಸುಮಾರು ಎರಡೇ ವರ್ಷ. ಸಾವೊ ಪಾಲೊ ನಗರದ ಕೊಳಚೆಗೇರಿಯಲ್ಲಿದ್ದು, ಬೀದಿಯಲ್ಲಿ ಕಾಗದ ಆಯ್ದು ಮಾರಿ ಮೂವರು ಮಕ್ಕಳನ್ನು ಸಾಕುತ್ತಿದ್ದಳು. ಆಯ್ದ ಕಾಗದದಲ್ಲಿ ಬರೆಯಲು ಯೋಗ್ಯವಾದುದನ್ನು ಉಳಿಸಿಕೊಂಡು ದಿನಚರಿ ಬರೆದಳು. 1960ರಲ್ಲಿ ಅದು ಪುಸ್ತಕವಾಗಿ ಹೊರಬಂದು ಹಲವು ಭಾಷೆಗಳಿಗೆ ಅನುವಾದವಾಯಿತು. ಓದು ಕಡಿಮೆಯಾದವರು ಬರೆಯಲಾರರು ಎಂಬ ಮಾತಿಗೆ ಈ ಒಂದು ಪುಸ್ತಕವೇ ಸಾಕಷ್ಟು ಉತ್ತರ.

ಎರಡು ಭಾರಗಳ ನಡುವೆ

ಕರಿಯ ಮಹಿಳೆಯರ ವಿದ್ವತ್ತು ಜಗತ್ತಿಗೆ ಕಲಿಸಿದ ಮುಖ್ಯ ತತ್ತ್ವವೊಂದಿದೆ. ಬೆಲ್ ಹುಕ್ಸ್ ಅವರು 1981ರ ತಮ್ಮ ಗ್ರಂಥದಲ್ಲಿ ಇದನ್ನು ವಿಸ್ತಾರವಾಗಿ ಚರ್ಚಿಸಿದರು. ನ್ಯಾಯಶಾಸ್ತ್ರಜ್ಞೆ ಕಿಂಬರ್ಲೀ ಕ್ರೆನ್‌ಶಾ ಅವರು 1989ರಲ್ಲಿ ಇದಕ್ಕೊಂದು ಪಾರಿಭಾಷಿಕ ಹೆಸರನ್ನು ಕೊಟ್ಟರು. ಅವರು ವಿಶ್ಲೇಷಿಸಿದ ಮೊಕದ್ದಮೆಯೊಂದನ್ನು ಇಲ್ಲಿ ಹೇಳಿದರೆ ವಿಷಯ ಸುಲಭವಾಗಿ ತಿಳಿದೀತು. ಒಂದು ಮೋಟಾರು ಕಾರ್ಖಾನೆಯ ಮೇಲೆ ಕೆಲವರು ಕರಿಯ ಹೆಂಗಸರು, ತಮಗೆ ಅನ್ಯಾಯವಾಗಿದೆಯೆಂದು ದಾವೆ ಹೂಡಿದರು. ಕಾರ್ಖಾನೆ ಹೆಂಗಸರನ್ನು ಕೆಲಸಕ್ಕೆ ತೆಗೆದುಕೊಂಡಿತ್ತು. ಅವರು ಕಚೇರಿಯ ಬಿಳಿಯ ಹೆಂಗಸರು. ಕರಿಯರನ್ನೂ ತೆಗೆದುಕೊಂಡಿತ್ತು, ಅವರು ಯಂತ್ರಶಾಲೆಯ ಗಂಡಸರು. ಹೆಂಗಸರೆಂದು ಬೇಕಾದರೆ ವಾದಿಸಿ, ಕರಿಯರೆಂದು ಬೇಕಾದರೆ ವಾದಿಸಿ, ಎರಡನ್ನೂ ಕೂಡಿಸಿ ವಾದಿಸುವಂತಿಲ್ಲವೆಂದು 1976ರಲ್ಲಿ ನ್ಯಾಯಾಲಯ ತೀರ್ಪಿತ್ತಿತು. ಎರಡು ದಾರಿ ಕೂಡುವಲ್ಲಿ ನಿಂತವಳಿಗೆ ಎರಡು ಕಡೆಯ ಗಾಡಿಗಳಿಂದಲೂ ಪೆಟ್ಟು ಬೀಳುತ್ತದೆ. ಆದರೆ ಯಾವ ದಾರಿಯ ಲೆಕ್ಕದಲ್ಲಿಯೂ ಅವಳ ಗಾಯ ದಾಖಲಾಗುವುದಿಲ್ಲ.

ಈ ತತ್ತ್ವ ನಮ್ಮ ದೇಶಕ್ಕೆ ಹೊಸದಲ್ಲ. ಜ್ಯೋತಿಬಾ ಫುಲೆಯವರು 1873ರ ತಮ್ಮ 'ಗುಲಾಮಗಿರಿ' ಗ್ರಂಥವನ್ನು, ಕರಿಯರ ಗುಲಾಮಗಿರಿಯನ್ನು ತೊಡೆಯಲು ಹೋರಾಡಿದ ಅಮೆರಿಕದ ಸಜ್ಜನರಿಗೆ ಅರ್ಪಿಸಿದ್ದರು. ಅಂಬೇಡ್ಕರ್ ಅವರು 1946ರಲ್ಲಿ ಕರಿಯ ಜನಾಂಗದ ಮಹಾವಿದ್ವಾಂಸ ಡು ಬಾಯ್ಸ್ ಅವರಿಗೆ ಪತ್ರ ಬರೆದು, ಎರಡೂ ಜನರ ಸ್ಥಿತಿಯಲ್ಲಿರುವ ಸಾಮ್ಯವನ್ನು ಸೂಚಿಸಿದ್ದರು. ಇದಕ್ಕೂ ಹಿಂದೆ, 1855ರಲ್ಲಿ, ಫುಲೆ ದಂಪತಿಗಳ ಪಾಠಶಾಲೆಯಲ್ಲಿ ಓದುತ್ತಿದ್ದ ಮುಕ್ತಾಬಾಯಿ ಎಂಬ ಮಾಂಗ್ ಜಾತಿಯ ಬಾಲಿಕೆ, ಮಾಂಗ್ ಮಹಾರರ ದುಃಖವನ್ನು ಕುರಿತು ಪ್ರಬಂಧವೊಂದನ್ನು ಬರೆದಳು. ಅದು 'ಜ್ಞಾನೋದಯ' ಪತ್ರಿಕೆಯಲ್ಲಿ ಅಚ್ಚಾಯಿತು. ನಮ್ಮಂತೆಯೇ ಒಬ್ಬ ವಿದ್ಯಾರ್ಥಿನಿ ಬರೆದ ಪ್ರಬಂಧವದು. ಅದರಲ್ಲಿ ಆಕೆ ತನ್ನ ಜಾತಿಯ ಹೆಂಗಸರು ಬಯಲಿನಲ್ಲಿ ಹೆರಬೇಕಾದ ಸಂಕಟವನ್ನೂ ಮರೆಯದೆ ಹೇಳಿದ್ದಾಳೆ.

ಮರಾಠಿಯಲ್ಲಿ ಬೇಬಿ ಕಾಂಬ್ಳೆ ಮತ್ತು ಶಾಂತಾಬಾಯಿ ಕಾಂಬ್ಳೆಯವರ ಆತ್ಮಕಥೆಗಳು 1986ರಲ್ಲಿ ಪುಸ್ತಕರೂಪದಲ್ಲಿ ಬಂದವು. ತಮಿಳಿನಲ್ಲಿ ಬಾಮಾ ಅವರ 'ಕರುಕ್ಕು' 1992ರಲ್ಲಿ ಬಂದಿತು. ಊರ್ಮಿಳಾ ಪವಾರ್ ಅವರ 'ಆಯ್‌ದಾನ್' 2003ರಲ್ಲಿ ಬಂದಿತು. ತಾಯಿ ಬಿದಿರಿನ ಬುಟ್ಟಿ ಹೆಣೆದಂತೆ ಮಗಳು ಮಾತನ್ನು ಹೆಣೆದಳೆಂಬುದು ಆ ಹೆಸರಿನ ಭಾವ. ಗೋಪಾಲ್ ಗುರು ಅವರು 1995ರ ಲೇಖನವೊಂದರಲ್ಲಿ, ದಲಿತ ಮಹಿಳೆಯರು ಬೇರೆಯಾಗಿ ಮಾತನಾಡುವುದಕ್ಕೆ ಕಾರಣವಿದೆಯೆಂದು ಪ್ರತಿಪಾದಿಸಿದರು. ಶರ್ಮಿಳಾ ರೇಗೆಯವರು 2006ರ ಗ್ರಂಥದಲ್ಲಿ ಇಂಥ ಆತ್ಮಕಥನಗಳನ್ನು ಸಾಕ್ಷ್ಯಗಳೆಂದು ಪರಿಗಣಿಸಿ ಓದಿದರು. ಒಬ್ಬಳ ಕತೆಯಾಗಿ ತೋರುವುದು ಇಡೀ ಕೇರಿಯ ಸಾಕ್ಷ್ಯವಾಗಿರುತ್ತದೆ ಎಂಬುದು ಇದರ ತಾತ್ಪರ್ಯ.

ಕನ್ನಡದಲ್ಲಿ ಮತ್ತು ನಮ್ಮ ಜಿಲ್ಲೆಯಲ್ಲಿ

ಕನ್ನಡದಲ್ಲಿ ಈ ಧಾರೆಯ ಮೂಲವನ್ನು ಹನ್ನೆರಡನೆಯ ಶತಮಾನದಷ್ಟು ಹಿಂದೆಯೇ ಕಾಣಬಹುದು. ಆಯ್ದಕ್ಕಿ ಲಕ್ಕಮ್ಮ, ಅಮುಗೆ ರಾಯಮ್ಮ, ಸೂಳೆ ಸಂಕವ್ವೆ ಮುಂತಾದ ದುಡಿಯುವ ವರ್ಗದ ಶರಣೆಯರು ವಚನಗಳನ್ನು ರಚಿಸಿದರು. ಉರಿಲಿಂಗಪೆದ್ದಿಗಳ ಪುಣ್ಯಸ್ತ್ರೀ ಕಾಳವ್ವೆಯ ವಚನಗಳಲ್ಲಿ ಕುಲದ ಹಮ್ಮನ್ನು ಖಂಡಿಸುವ ದಿಟ್ಟತನ ಎದ್ದು ಕಾಣುತ್ತದೆ. ಆದರೂ ಆಕೆ ನಮಗೆ ಪರಿಚಿತಳಾದದ್ದು ಗಂಡನ ಹೆಸರಿನ ನೆರಳಿನಲ್ಲಿ ಎಂಬುದನ್ನು ಗಮನಿಸಬೇಕು.

ಆಧುನಿಕ ಕಾಲಕ್ಕೆ ಬಂದರೆ, 'ಗವರ್ನಮೆಂಟ್ ಬ್ರಾಹ್ಮಣ', 'ಊರುಕೇರಿ' ಮೊದಲಾದ ಹೆಸರಾಂತ ದಲಿತ ಆತ್ಮಕಥೆಗಳು ಗಂಡಸರವು. ಹೆಂಗಸರಲ್ಲಿ ಹಿಂದುಳಿದ ಕುಟುಂಬದಲ್ಲಿ ಹುಟ್ಟಿ, ಗಿರಣಿ ಕಾರ್ಮಿಕನ ಮಗಳಾಗಿ ಬೆಳೆದ ಕಲಬುರಗಿಯ ಗೀತಾ ನಾಗಭೂಷಣ ಅವರ 'ಬದುಕು' ಕಾದಂಬರಿಗೆ 2004ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ದೊರೆಯಿತು. ಕನ್ನಡದ ಲೇಖಕಿಗೆ ಆ ಗೌರವ ಸಂದದ್ದು ಅದೇ ಮೊದಲು. ಬಿ. ಟಿ. ಜಾಹ್ನವಿ, ದು. ಸರಸ್ವತಿ, ಅನಸೂಯಾ ಕಾಂಬಳೆ ಮುಂತಾದವರು ಕತೆ ಕವಿತೆಗಳಲ್ಲಿ ಈ ಧಾರೆಯನ್ನು ಮುಂದುವರಿಸಿದ್ದಾರೆ.

ನಮ್ಮ ಜಿಲ್ಲೆಗೆ ಸಂಬಂಧಿಸಿದ ಇಬ್ಬರನ್ನು ವಿಶೇಷವಾಗಿ ಸ್ಮರಿಸಬೇಕು. ಬಿ. ಟಿ. ಲಲಿತಾ ನಾಯಕ್ ಅವರು ಹುಟ್ಟಿದ್ದು 1945ರಲ್ಲಿ, ನಮ್ಮ ಕಡೂರು ತಾಲ್ಲೂಕಿನ ತಂಗಲಿ ತಾಂಡಾದಲ್ಲಿ. ಬಂಜಾರ ಸಮುದಾಯದ ಹೆಣ್ಣುಮಗಳು ಕನ್ನಡದಲ್ಲಿ ಕತೆ, ಕವಿತೆ, ಕಾದಂಬರಿಗಳನ್ನು ಬರೆದು, ಮುಂದೆ ಶಾಸಕಿಯೂ ಸಚಿವೆಯೂ ಆದರು. 'ನಂ ರೂಪ್ಲಿ', 'ಹಬ್ಬ ಮತ್ತು ಬಲಿ', 'ಗತಿ' ಅವರ ಕೃತಿಗಳಲ್ಲಿ ಕೆಲವು. ಎರಡನೆಯವರು ಮೂಡಿಗೆರೆಯ ಮೋಟಮ್ಮನವರು. ಪರಿಶಿಷ್ಟ ಜಾತಿಗೆ ಮೀಸಲಾದ ಮೂಡಿಗೆರೆ ಕ್ಷೇತ್ರದಿಂದ 1978ರಲ್ಲಿ ಮೊದಲ ಬಾರಿಗೆ ವಿಧಾನಸಭೆಗೆ ಆರಿಸಿ ಬಂದರು, ಎಸ್. ಎಂ. ಕೃಷ್ಣ ಅವರ ಮಂತ್ರಿಮಂಡಲದಲ್ಲಿ ಮಹಿಳಾ ಮತ್ತು ಮಕ್ಕಳ ಕಲ್ಯಾಣ ಸಚಿವೆಯಾಗಿದ್ದರು. ಹಳ್ಳಿಯ ಹೆಂಗಸರ ಉಳಿತಾಯ ಸಂಘಗಳನ್ನು ಕಟ್ಟಿದ ಸ್ತ್ರೀಶಕ್ತಿ ಯೋಜನೆ ಆರಂಭವಾದದ್ದು ಅವರ ಕಾಲದಲ್ಲಿ. 2022ರಲ್ಲಿ ಅವರ ಆತ್ಮಕಥೆ 'ಬಿದಿರು ನೀನ್ಯಾರಿಗಲ್ಲದವಳು' ಹೊರಬಂದಿತು. ತೊಟ್ಟಿಲಿಗೂ ಬಿದಿರು, ಮೊರಕ್ಕೂ ಬಿದಿರು, ಚಟ್ಟಕ್ಕೂ ಬಿದಿರು. ಎಲ್ಲರಿಗೂ ಬೇಕಾದ ಬಿದಿರಿಗೆ ತನ್ನದೆನ್ನುವ ಬಾಳು ಯಾವುದು? ಊರ್ಮಿಳಾ ಪವಾರರ ಬುಟ್ಟಿಯೂ ಮೋಟಮ್ಮನವರ ಶೀರ್ಷಿಕೆಯೂ ಒಂದೇ ಮೆಳೆಯಿಂದ ಬಂದುವೆಂದು ನನಗೆ ತೋರುತ್ತದೆ.

ನಮ್ಮ ನಾಡಿನಲ್ಲಿ ಆಫ್ರಿಕದ ಸಂತತಿಯವರೇ ಇದ್ದಾರೆಂಬುದನ್ನೂ ಇಲ್ಲಿ ನೆನೆಯಬೇಕು. ಉತ್ತರ ಕನ್ನಡದ ಯಲ್ಲಾಪುರ, ಹಳಿಯಾಳ, ಮುಂಡಗೋಡ ಮೊದಲಾದ ಕಡೆಗಳ ಸಿದ್ದಿಯರು ಅವರು. 2003ರಲ್ಲಿ ಅವರನ್ನು ಪರಿಶಿಷ್ಟ ಪಂಗಡಗಳ ಪಟ್ಟಿಗೆ ಸೇರಿಸಲಾಯಿತು. 2020ರಲ್ಲಿ ಶಾಂತಾರಾಮ ಸಿದ್ದಿಯವರು ವಿಧಾನ ಪರಿಷತ್ತಿನ ಸದಸ್ಯರಾದರು. ಸಿದ್ದಿ ಹೆಂಗಸರು ಹಳೆಯ ಬಟ್ಟೆಯ ತುಂಡುಗಳನ್ನು ಕೂಡಿಸಿ ಹೊಲಿಯುವ ಕವಂದಿ ಎಂಬ ಕೌದಿ ಈಗ ಹೊರನಾಡುಗಳಲ್ಲಿಯೂ ಪ್ರಸಿದ್ಧ. ಕರಿಯ ತಾಯಂದಿರ ಪ್ರತಿಭೆ ಗ್ರಂಥಗಳಲ್ಲಿ ಸಿಗದಿದ್ದರೆ ಅವರ ಕೌದಿಗಳಲ್ಲಿಯೂ ಹೂದೋಟಗಳಲ್ಲಿಯೂ ಹುಡುಕಬೇಕೆಂಬ ವಿಚಾರವನ್ನು ಆಲಿಸ್ ವಾಕರ್ 1974ರ ಪ್ರಬಂಧವೊಂದರಲ್ಲಿ ಮಂಡಿಸಿದ್ದರು. ಆ ಮಾತಿಗೆ ನಮ್ಮ ರಾಜ್ಯದಲ್ಲಿಯೇ ಇಂಥ ಸಾಕ್ಷಿಯಿದೆ.

ಬೆಟ್ಟದ ಚರಿತ್ರೆಯನ್ನು ಬರೆದವರು ಯಾರು?

ಚಿಕ್ಕಮಗಳೂರಿನ ಬಳಿ ಕ್ಯಾನನ್ ಎಂಬ ಐರೋಪ್ಯರು ತೋಟ ಮಾಡಿದ್ದು 1830ರ ಸುಮಾರಿಗೆ. ನೆರೆಯ ಮಂಜರಾಬಾದಿನಲ್ಲಿ ತೋಟ ಮಾಡಿದ ಎಲಿಯಟ್ ಎಂಬ ದೊರೆ ತಮ್ಮ ಅನುಭವಗಳನ್ನು 1871ರಲ್ಲಿಯೂ 1894ರಲ್ಲಿಯೂ ಗ್ರಂಥರೂಪದಲ್ಲಿ ಪ್ರಕಟಿಸಿದರು. ಬಾಳೆಹೊನ್ನೂರಿನ ಕಾಫಿ ಸಂಶೋಧನಾ ಕೇಂದ್ರ 1925ರಿಂದ ಗಿಡದ ರೋಗ, ತಳಿ, ಮಣ್ಣುಗಳ ದಾಖಲೆಯನ್ನು ಇಟ್ಟುಕೊಂಡು ಬಂದಿದೆ. ಗಿಡದ ಚರಿತ್ರೆ ಇದೆ, ದೊರೆಯ ಚರಿತ್ರೆ ಇದೆ. ಹಣ್ಣು ಕೊಯ್ದವಳ ಚರಿತ್ರೆ ಎಲ್ಲಿದೆ?

ಅದು ಇರುವುದು ಚೆಕ್‌ರೋಲ್ ಎಂಬ ಹಾಜರಿ ಪುಸ್ತಕದಲ್ಲಿ. ಅಲ್ಲಿಯೂ ಗುಮಾಸ್ತರ ಅಕ್ಷರದಲ್ಲಿ. ನನ್ನ ಅಜ್ಜಿ ಕೆಲಸಕ್ಕಿದ್ದ ಒಂದು ತೋಟದಲ್ಲಿ ಅದೇ ಹೆಸರಿನ ಮತ್ತೊಬ್ಬ ಹೆಂಗಸಿದ್ದಳಂತೆ. ಆದುದರಿಂದ ಅಜ್ಜಿಯ ಹೆಸರಿನ ಮುಂದೆ 'ಎರಡು' ಎಂದು ಬರೆದುಕೊಂಡರು. ಮೊದಲಿನವಳು ತೋಟ ಬಿಟ್ಟುಹೋದ ಮೇಲೂ ಅಜ್ಜಿ 'ಎರಡು' ಆಗಿಯೇ ಉಳಿದಳು. ಬಟವಾಡೆಯ ದಿನ ಹಾಗೆಯೇ ಕೂಗುತ್ತಿದ್ದರು. ಇಸಬೆಲ್ಲಾ ಎಂಬವಳು ಸೋಜರ್ನರ್ ಟ್ರೂತ್ ಎಂದು ಹೆಸರಿಟ್ಟುಕೊಂಡ ಪ್ರಸಂಗವನ್ನು ನಾನು ಹೇಳಿದಾಗ, ಅಜ್ಜಿ ನಕ್ಕು, "ಅವಳು ಜಾಣೆ ಬಿಡು, ನಂಗೆ ಅದು ಹೊಳೀಲೇ ಇಲ್ಲ" ಎಂದರು.

ಇಲ್ಲೊಂದು ಎಚ್ಚರಿಕೆ ಅವಶ್ಯ. ಗುಲಾಮಗಿರಿಯೂ ಜಾತಿಯೂ ಒಂದೇ ಅಲ್ಲ. ಬಣ್ಣವೂ ಕುಲವೂ ಒಂದೇ ಅಲ್ಲ. ಅಮೆರಿಕದಲ್ಲಿ ಮನುಷ್ಯರನ್ನು ಸಂತೆಯಲ್ಲಿ ಹರಾಜು ಹಾಕುತ್ತಿದ್ದರು. 1865ರ ಸಂವಿಧಾನ ತಿದ್ದುಪಡಿಯಿಂದ ಅದು ನಿಂತಿತು. ನಮ್ಮಲ್ಲಿ 1843ರ ಕಾಯಿದೆ ಗುಲಾಮರ ಮೇಲಿನ ಒಡೆತನವನ್ನು ನ್ಯಾಯಾಲಯಗಳು ಮನ್ನಿಸದಂತೆ ಮಾಡಿತಾದರೂ, ಸಾಲದ ಹೆಸರಿನ ಜೀತ 1976ರ ಕಾಯಿದೆಯವರೆಗೂ ಬಹಿರಂಗವಾಗಿ ನಡೆಯಿತು. ಕಾಫಿ ತೋಟದ ಕೂಲಿಗೆ 1951ರ ತೋಟ ಕಾರ್ಮಿಕರ ಕಾಯಿದೆ ವಸತಿ, ವೈದ್ಯೋಪಚಾರಗಳನ್ನು ಗೊತ್ತುಪಡಿಸಿತು. ಐವತ್ತು ಹೆಂಗಸರು ದುಡಿಯುವಲ್ಲಿ ಶಿಶುವಿಹಾರವಿರಬೇಕೆಂದಿತು. ಸ್ತ್ರೀಪುರುಷರಿಗೆ ಸಮಾನ ವೇತನದ ಕಾಯಿದೆ 1976ರಲ್ಲಿ ಬಂದಿತು. ಇವುಗಳಿಂದ ಒಳಿತಾಗಿಲ್ಲವೆಂದರೆ ಕೃತಘ್ನತೆಯಾದೀತು. ನಾನು ಕಾಲೇಜಿನ ಬೆಂಚಿನ ಮೇಲೆ ಕುಳಿತಿರುವುದೇ ಒಳಿತಿಗೆ ಸಾಕ್ಷಿ. ಆದುದರಿಂದ ಎರಡು ಚರಿತ್ರೆಗಳನ್ನು ಒಂದೇ ತಕ್ಕಡಿಯಲ್ಲಿ ತೂಗುವುದು ನನ್ನ ಉದ್ದೇಶವಲ್ಲ. ಅವರು ತಮ್ಮ ಚರಿತ್ರೆಯನ್ನು ಬರೆದುಕೊಂಡ ಕ್ರಮದಿಂದ ನಾವು ಕಲಿಯಬಹುದೆನ್ನುವುದಷ್ಟೇ ನನ್ನ ವಾದ.

ಕೆಲವರು ಕೇಳಬಹುದು: ಇಂಥ ಕತೆಗಳಲ್ಲಿ ಬರಿಯ ಗೋಳಲ್ಲದೆ ಸಾಹಿತ್ಯವೇನಿದೆ? ಅವರಿಗೆ ನನ್ನ ಉತ್ತರ ಇದು. ಪುಷ್ಯ ಮಾಸದ ಚಳಿಯಲ್ಲಿ, ಇಬ್ಬನಿಗೆ ನೆನೆದ ಗಿಡದಡಿ ಸೊಂಟಕ್ಕೆ ಚೀಲ ಕಟ್ಟಿ ನಿಂತ ಹೆಂಗಸರ ಸಾಲಿನಲ್ಲಿ ಒಂದು ಗಂಟೆ ನಿಂತು ನೋಡಿ. ಹಣ್ಣನ್ನು ಬಿಡಿಸಿ ಕಾಯಿಯನ್ನು ಉಳಿಸುವ ಬೆರಳ ಜಾಣ್ಮೆ, ಮೇಸ್ತ್ರಿಯ ನಡೆಯನ್ನು ಅಣಕಿಸುವ ಹಾಸ್ಯ, ಗದ್ದೆ ನಾಟಿಯ ಪದಗಳು, ಹೂಮಳೆ ಯಾವ ವಾರ ಬೀಳುವುದೆಂಬ ಲೆಕ್ಕಾಚಾರ, ಲೈನಿನ ಮುಂದೆ ಒಡೆದ ಡಬ್ಬಗಳಲ್ಲಿ ಬೆಳೆಸಿದ ಡೇರೆ ಹೂ, ಇವು ಗೋಳಲ್ಲ. ಹರ್ಸ್ಟನ್ ತನ್ನ ಊರಿನ ಅಂಗಡಿಯ ಜಗುಲಿಯಲ್ಲಿ ಕಂಡ ಸಂಪತ್ತು ಇದೇ. ದುಃಖವನ್ನು ಮಾತ್ರ ಬರೆದುಕೊಂಡರೆ ಆ ಹೆಂಗಸರನ್ನು ಅರ್ಧವೇ ಬರೆದಂತಾಗುತ್ತದೆ.

ನಾವು ಮಾಡಬಹುದಾದ ಕೆಲಸ

ನಮ್ಮ ಕಾಲೇಜಿನಲ್ಲಿ ಮೂಡಿಗೆರೆ, ಕಳಸ, ಆಲ್ದೂರು, ಬಣಕಲ್, ಕೊಟ್ಟಿಗೆಹಾರಗಳ ಕಡೆಯಿಂದ ಬರುವ ವಿದ್ಯಾರ್ಥಿಗಳು ಅನೇಕರಿದ್ದಾರೆ. ರಜೆಯಲ್ಲಿ ಒಬ್ಬೊಬ್ಬರೂ ಒಬ್ಬ ಹಿರಿಯ ಹೆಂಗಸಿನ ಬಾಳನ್ನು ಬರೆದುಕೊಂಡರೆ ಎಷ್ಟು ದೊಡ್ಡ ಭಂಡಾರವಾದೀತು! ಆದರೆ ಮೇಲಿನ ನಿದರ್ಶನಗಳಿಂದ ಕೆಲವು ನಿಯಮಗಳನ್ನು ಪಾಲಿಸಬೇಕು.

ಮೊದಲನೆಯದಾಗಿ, ಅವಳ ನುಡಿಯನ್ನು ತಿದ್ದಬಾರದು. ನಮ್ಮ ಬೆಟ್ಟಗಳಲ್ಲಿ ಕನ್ನಡದ ಜೊತೆಗೆ ತುಳು, ತಮಿಳು, ಕೊಂಕಣಿ, ಬ್ಯಾರಿ ಮಾತುಗಳಿವೆ. ಈಚಿನ ವರ್ಷಗಳಲ್ಲಿ ಅಸ್ಸಾಮಿನಿಂದ ಬಂದವರ ಮಾತೂ ಸೇರಿದೆ. ಸೋಜರ್ನರ್ ಟ್ರೂತಳ ಬಾಯಿಗೆ ಬೇರೆ ನುಡಿಯನ್ನು ತುರುಕಿದ ತಪ್ಪು ನಮ್ಮಿಂದ ಆಗದಿರಲಿ. ಎರಡನೆಯದಾಗಿ, ಬರೆದುದನ್ನು ಅವಳಿಗೆ ಓದಿ ಹೇಳಿ ಒಪ್ಪಿಗೆ ಪಡೆಯಬೇಕು. ಹೆಸರು ಬೇಡವೆಂದರೆ ಹೆಸರನ್ನು ಬಿಡಬೇಕು. ಜೇಕಬ್ಸ್ ಹೆಸರು ಮರೆಸಿಕೊಂಡುದಕ್ಕೆ ಕಾರಣವಿದ್ದಂತೆ ಇವಳಿಗೂ ಇರಬಹುದು. ಮೂರನೆಯದಾಗಿ, ಕಾಲನಿರ್ಣಯವನ್ನು ಜಾಗರೂಕತೆಯಿಂದ ಮಾಡಬೇಕು. ಹುಟ್ಟಿದ ವರ್ಷ ತಿಳಿಯದವರು ಬೇರೆ ಗುರುತುಗಳನ್ನು ಇಟ್ಟುಕೊಂಡಿರುತ್ತಾರೆ. ಇಂದಿರಾ ಗಾಂಧಿಯವರು ಚಿಕ್ಕಮಗಳೂರಿನಲ್ಲಿ ಚುನಾವಣೆಗೆ ನಿಂತಾಗ ನನ್ನ ತಾಯಿ ಕೈಗೂಸು ಎಂದು ಅಜ್ಜಿ ಹೇಳಿದರು. ಅದು 1978ರ ನವೆಂಬರ್ ಎಂದು ನಾನು ಲೆಕ್ಕ ಹಾಕಿಕೊಂಡೆ. ನಾಲ್ಕನೆಯದಾಗಿ, ಕೆಲಸದ ವಿವರಗಳನ್ನು ಬಿಡದೆ ಕೇಳಬೇಕು: ಕ್ಯಾರೊಲಿನಾಳ ದಿನಚರಿ ಬಾಳುವುದು ಅವಳು ಆಯ್ದ ಕಾಗದದ ತೂಕ, ಕೊಂಡ ಬ್ರೆಡ್ಡಿನ ಬೆಲೆಗಳಿಂದ. ಐದನೆಯದಾಗಿ, ಬರೆದುದನ್ನು ಪೆಟ್ಟಿಗೆಯಲ್ಲಿಡಬಾರದು. ಹರ್ಸ್ಟನ್ ಅವರು 1927ರಲ್ಲಿ, ಹಡಗಿನಲ್ಲಿ ಗುಲಾಮನಾಗಿ ಬಂದ ವೃದ್ಧನೊಬ್ಬನಿಂದ ಕೇಳಲಾರಂಭಿಸಿದ ಕತೆ ಪುಸ್ತಕವಾದದ್ದು 2018ರಲ್ಲಿ. ಅಷ್ಟು ಕಾಲ ಕಾಯಲು ನಮ್ಮ ಅಜ್ಜಿಯರಿಗೆ ಪುರುಸೊತ್ತಿಲ್ಲ.

ಉಪಸಂಹಾರ

ಈ ಲೇಖನವನ್ನು ಅಚ್ಚಿಗೆ ಕೊಡುವ ಮೊದಲು ಅಜ್ಜಿಗೆ ಓದಿ ಹೇಳಿದೆ. ಹೆಸರು ಹಾಕಬೇಡವೆಂದರು, ಹಾಕಿಲ್ಲ. ಒಂದು ತಿದ್ದುಪಡಿಯನ್ನೂ ಹೇಳಿದರು. ಕರಡಿನಲ್ಲಿ ನಾನು 'ಅಜ್ಜಿಗೆ ಅಕ್ಷರ ಬಾರದು' ಎಂದು ಬರೆದಿದ್ದೆ. ಅದು ಸುಳ್ಳೆಂದರು. ಹಾಜರಿ ಪುಸ್ತಕದಲ್ಲಿ ತನ್ನ ಸಾಲನ್ನು ಗುರುತಿಸಲು ಬರುತ್ತಿತ್ತಂತೆ. ಗುಮಾಸ್ತರು ಒಂದು ದಿನದ ಹಾಜರಿಯನ್ನು ಬಿಟ್ಟಾಗ ಬೆರಳಿಟ್ಟು ತೋರಿಸಿ ಕೂಲಿ ವಸೂಲು ಮಾಡಿದ್ದರಂತೆ. ಇಪ್ಪತ್ತು ವರ್ಷ ಒಂದೇ ಮನೆಯಲ್ಲಿ ಬೆಳೆದೂ ನನಗೆ ಇದು ತಿಳಿದಿರಲಿಲ್ಲ. ಓದಿ ಹೇಳದಿದ್ದರೆ ನಾನೂ ಒಂದು ಸುಳ್ಳು ದಾಖಲೆಯನ್ನು ನಿರ್ಮಿಸುತ್ತಿದ್ದೆ.

ನನ್ನ ಅಲ್ಪ ಓದಿನಿಂದ ಈ ನಾಲ್ಕು ಮಾತುಗಳನ್ನು ಬರೆದಿದ್ದೇನೆ. ದೋಷಗಳಿದ್ದರೆ ಗುರುಗಳು ತಿದ್ದಬೇಕು. ಮುಂದಿನ ವರ್ಷದ ಸಂಚಿಕೆಯಲ್ಲಿ ಇಂಥ ಹತ್ತಾರು ಬಾಳಿನ ಕತೆಗಳನ್ನು ಓದುವ ಸುಯೋಗ ನಮ್ಮ ಕಾಲೇಜಿಗೆ ಲಭಿಸಲೆಂದು ಹಾರೈಸಿ ವಿರಮಿಸುತ್ತೇನೆ.